ದೋಣಿಯ ಕಾಯಿ, ತೀರದ ಕಾಯಿ

"ಬಿಚ್ಚಿಬಿಡಿ, ಇಬು," ಎಂದು ಪೇದೆ ಲಾ ಸಾಫಿ ಗಂಟನ್ನು ಮೇಜಿನ ಮೇಲಿಟ್ಟು, ಅದೆಲ್ಲಿ ಕಚ್ಚೀತೋ ಎಂಬಂತೆ ಹಿಂದೆ ಸರಿದು ನಿಂತ. "ನೀವು ಬಿಚ್ಚದೆ ಆಕೇನ ದ್ವೀಪ ದಾಟಿಸೋ ಹಾಗಿಲ್ಲ. ಕಾನೂನು ಏನಾದ್ರೂ ಹೇಳ್ಲಿ, ಸಂಜೆ ಮನೆಗೆ ಹೋದ್ರೆ ನನ್ನ ಹೆಂಡತಿ ತಟ್ಟೆ ಇಡಲ್ಲ."

"ಇಡದಿದ್ರೆ ಗೇಟಿನ ಹತ್ರ ಬುಟ್ಟಿಯವಳು ಕಸುವಾಮಿ ಮಾರ್ತಾಳೆ. ತಿನ್ನು."

"ಅದನ್ನ ನೀವು ಉಳಿಸಿದ್ರೆ ತಾನೆ."

ಬಂದರು ಠಾಣೆಯವರೆಲ್ಲ ಇಬು, ಅಂದರೆ ಅಮ್ಮಾವ್ರೆ, ಎಂದು ಕರೆಯುವ ತನಿಖಾಧಿಕಾರಿ ವಾ ಸರಿಮಾ ನಗಲಿಲ್ಲ. ಮುಂದಿದ್ದ ದೋಷಾರೋಪದ ಹಾಳೆಯ ಮೇಲೆ ಪೆನ್ನು ಊರಿಕೊಂಡೇ ಕೂತಿದ್ದಳು. ಸಹಿಯೊಂದು ಬಾಕಿ. ಅದು ಬಿದ್ದರೆ ಲಾಕಪ್ಪಿನಲ್ಲಿರುವವಳು ಮಧ್ಯಾಹ್ನದ ನಮಾಜು ಮುಗಿದ ಮೇಲೆ ಹೊರಡುವ ದೋಣಿಯಲ್ಲಿ ಜಿಲ್ಲಾ ಜೈಲಿಗೆ ಹೋಗುತ್ತಾಳೆ. ಕೊಲೆಯ ಆರೋಪ. ಅಲ್ಲಿಗೆ ಹೋದ ಬಡವರ ಮಕ್ಕಳು ತಿರುಗಿ ಬಂದದ್ದನ್ನು ಲಂಗೇರೆ ದ್ವೀಪ ಕಂಡಿಲ್ಲ.

ಲಾಕಪ್ಪಿನಲ್ಲಿರುವವಳು ಜಾವಿಯಾ, ಸರಿಮಾಳ ಅವಳಿ ತಂಗಿ. ಹತ್ತೊಂಬತ್ತು ವರ್ಷದ ಹಿಂದೆ ಮೊರೊನೆ ಕಡಲಿಗೆ ಹೋಗಿ ಕಾಣೆಯಾಗಿದ್ದ 'ಫಜರ್' ಎಂಬ ಹಾಯಿದೋಣಿ ಕಳೆದ ವಾರ ಆ ಕಡಲಿನ ಬಾಯಲ್ಲಿ ತೇಲುತ್ತ ಸಿಕ್ಕಾಗ, ಅದರ ಯಜಮಾನ ಲಾ ದಿಹು ಪಕ್ಕೆಯಲ್ಲಿ ಹಿಡಿಯಿಲ್ಲದ ಚೂರಿ ನೆಟ್ಟುಕೊಂಡು ಸತ್ತುಬಿದ್ದಿದ್ದ. ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಈಕೆ ಕೂತಿದ್ದಳು. ಇಬ್ಬರ ಮೈಮೇಲೂ ಒಂದು ವರ್ಷವೂ ಕೂತಿರಲಿಲ್ಲ.

ಸರಿಮಾಳ ಮೈಮೇಲೆ ಎಲ್ಲ ವರ್ಷಗಳೂ ಕೂತಿದ್ದವು. ತಲೆ ಅರ್ಧ ನರೆತಿದೆ. ಮೆಟ್ಟಿಲು ಹತ್ತುವಾಗ ಮಂಡಿ ಕಿರುಗುಟ್ಟುತ್ತದೆ. ಕಿಟಕಿಯ ಗಾಜಿನಲ್ಲಿ ತನ್ನ ಮುಖ, ಆ ಗಾಜಿನಾಚೆ ಲಾಕಪ್ಪಿನ ಕಂಬಿ, ಕಂಬಿಯಾಚೆ ಆ ಇನ್ನೊಂದು ಮುಖ. ತಾನು ಬಿಸಿಲಲ್ಲಿ ಸವೆಸಿ ಬಿಸಾಡಿದ್ದನ್ನು ಯಾರೋ ಜೋಪಾನವಾಗಿ ಮಡಿಸಿಟ್ಟು, ಈಗ ತೆಗೆದು ಕಣ್ಣೆದುರು ಹಿಡಿದು ಆಡಿಸಿದ ಹಾಗೆ.

ದಿಹು ಮದುವೆಯಾಗಬೇಕಿದ್ದದ್ದು ಸರಿಮಾಳನ್ನು. ಅವನ ದೋಣಿ ಹತ್ತಿ ಹೋದವಳು ಜಾವಿಯಾ.

ಮೇಜಿನ ಮೇಲಿದ್ದ ಗಂಟು ಅಮ್ಮನ ಕೆಂಪು–ಕಪ್ಪು ಪಟ್ಟೆಯ ಸರೋಂಗಿನ ತುಂಡು. ಅದರ ಇನ್ನರ್ಧ ಸರಿಮಾಳ ಮನೆಯ ಪೆಟ್ಟಿಗೆಯಲ್ಲಿದೆ. ಲಂಗೇರೆಯಿಂದ ಯಾವ ದೋಣಿಯೂ ಮೊರೊನೆಗೆ ಬರಿಗೈಯಲ್ಲಿ ಹೋಗುವುದಿಲ್ಲ. ಒಂದೇ ಗೊನೆಯಿಂದ ಮೊಳಕೆಯೊಡೆದ ಎರಡು ತೆಂಗಿನಕಾಯಿ ಆರಿಸಿ, ಒಂದನ್ನು ಬಟ್ಟೆಯಲ್ಲಿ ಕಟ್ಟಿ ದೋಣಿಗೆ ಕೊಡುತ್ತಾರೆ, ಇನ್ನೊಂದನ್ನು ಮನೆಯ ಮುಂದೆ ನೆಡುತ್ತಾರೆ. ಆ ಕಡಲೊಳಗೆ ಕಾಲ ಕೈಕಾಲು ಚಾಚಿ ಮಲಗಿರುತ್ತದೆ. ಒಳಗಿನವರು ಬಲೆ ಬೀಸಿ, ಎಳೆದು, ಒಂದು ನಿದ್ದೆ ತೆಗೆದು ಏಳುವಷ್ಟರಲ್ಲಿ ಹೊರಗೆ ಮಳೆಗಾಲವೊಂದು ಬಂದು ಹೋಗಿರುತ್ತದೆ. ಸುಳಿಗೆ ಸಿಕ್ಕವರದಂತೂ ಕೇಳುವುದೇ ಬೇಡ; ಮಕ್ಕಳು ತಮಗಿಂತ ಮುದುಕರಾದ ಮೇಲೆ ಬಂದವರಿದ್ದಾರೆ. ದೋಣಿ ಮರಳಿದಾಗ, ತೀರದ ಕಾಯಿಗೆ ನೀರೆರೆದವಳೇ ಗಂಟು ಬಿಚ್ಚಿ ದೋಣಿಯ ಕಾಯನ್ನು ತೀರದ ಗಿಡದ ಪಕ್ಕ ಇಟ್ಟು ನೋಡಬೇಕು. ಅಲ್ಲಿಯವರೆಗೆ ಬಂದವರು ಬಂದ ಹಾಗಲ್ಲ. ಬೇರೆ ಯಾರೂ ಮುಟ್ಟುವ ಹಾಗಿಲ್ಲ, ಪೊಲೀಸರೂ ಸೇರಿ.

ನೀರೆರೆದವಳು ಸರಿಮಾ. ಮೊದಲು ಅಮ್ಮ ಎರೆಯುತ್ತಿದ್ದಳು, ಅಮ್ಮ ಹೋದ ಮೇಲೆ ಇವಳು. ಶಪಿಸುತ್ತ ಎರೆದಳು, ಆದರೂ ಎರೆದಳು. ಗಿಡ ಮರವಾಗಿ ಕಾಯಿ ಬಿಟ್ಟಿತು.

ಒಂದು ವಾರದಿಂದ ಗಂಟನ್ನು ಮುಟ್ಟಿರಲಿಲ್ಲ. ಬಿಚ್ಚಿದರೆ ತಂಗಿ ಮನೆಗೆ ಬಂದಳೆಂದು ಒಪ್ಪಿದ ಹಾಗೆ.

"ನಿಮ್ಮ ಮರದ್ದೂ ಒಂದು ಕಾಯಿ ಕೆಡವಿಸಿ ತಂದಿದ್ದೀನಿ. ಪಕ್ಕ ಇಟ್ಟು ನೋಡೋಕೆ ಬೇಕಾಗತ್ತಲ್ಲ," ಎಂದು ಸಾಫಿ ಕಾಯಿಯೊಂದನ್ನು ಗಂಟಿನ ಪಕ್ಕದಲ್ಲಿಟ್ಟ. ಅಷ್ಟರಲ್ಲಿ ಬಾಗಿಲಿಗೆ ನೆರಳು ಬಿತ್ತು. ಸಾಫಿ ಬೆನ್ನು ನೆಟ್ಟಗೆ ಮಾಡಿಕೊಂಡ.

ಲಾ ಓದೆ ಮಹರುದ್ದಿನ್ ಕರೆಯುವ ತನಕ ಕಾಯುವವನಲ್ಲ. ಹೆಸರಿನ ಮುಂದಿನ 'ಓದೆ'ಯೇ ಹೇಳುತ್ತದೆ, ಅರಮನೆಯ ಕಡೆಯವನು. ಉಳಿದವರಲ್ಲಿ ಗಂಡಸರು ಬರೀ ಲಾ, ಹೆಂಗಸರು ಬರೀ ವಾ. ಸರಿಮಾಳ ಅಪ್ಪನ ಜೊತೆ ಗಾಳಿಪಟ ಹಾರಿಸಿದ ಮನುಷ್ಯ, ಈಗ ಸರಿಮಾಳ ತಮ್ಮನ ಹಾಗೆ ಕಾಣುತ್ತಾನೆ. ಅವನ ಬಿಳಿ ಹಡಗು 'ಅವೆತ್ ಮೂದಾ', ಎಂದರೆ 'ಸದಾ ಯೌವನ', ನಗರದ ಸಿರಿವಂತರನ್ನು ತುಂಬಿಕೊಂಡು ಮೊರೊನೆಯೊಳಗೆ ಹೋಗಿ ಲಂಗರು ಹಾಕುತ್ತದೆ. ಅವರು ಇಸ್ಪೀಟಾಡಿ, ಉಂಡು, ಮಲಗಿ ಎದ್ದು ಬರುತ್ತಾರೆ. ಬರುವಷ್ಟರಲ್ಲಿ ಅವರ ತೋಟ ಬೆಳೆದಿರುತ್ತದೆ, ಅವರ ಮೇಲೆ ದೂರು ಕೊಟ್ಟವನು ಮಣ್ಣು ಸೇರಿರುತ್ತಾನೆ. ಅದೇ ಹಡಗಿನ ಹೊಟ್ಟೆಯಲ್ಲಿ ಬೆವರು ಸುರಿಸುವ ಕೂಲಿಯವನೂ ತಿರುಗಿ ಬರುತ್ತಾನೆ; ಅವನ ಕೂಸು ತಾಯಿಯಾಗಿರುತ್ತಾಳೆ, ಅವನ ಹೆಂಡತಿ ಗೋರಿಯಲ್ಲಿರುತ್ತಾಳೆ. ಒಂದೇ ಹಡಗು. ಮೇಲಿನವರಿಗೆ ಕಾಲ ಉಳಿಯುತ್ತದೆ, ಕೆಳಗಿನವರಿಗೆ ಕಾಲ ಲೂಟಿಯಾಗುತ್ತದೆ.

"ಇನ್ನೂ ಸಹಿ ಬಿದ್ದಿಲ್ವಾ ಸರಿಮಾ?" ಕುರ್ಚಿ ಎಳೆದುಕೊಂಡ.

"ಪೆನ್ನಲ್ಲಿ ಶಾಯಿ ಬರ್ತಿಲ್ಲ."

"ನನ್ನದು ಕೊಡ್ಲಾ?"

"ನಿಮ್ಮ ಪೆನ್ನಲ್ಲಿ ಬರೆದದ್ದು ನಮ್ಮ ಕಾಲಕ್ಕೆ ಒಣಗಲ್ಲ, ಒಡೆಯಾ."

ಅವನು ನಕ್ಕ. ನಗುವಾಗಲೂ ಕಣ್ಣ ಸುತ್ತ ಗೆರೆ ಮೂಡಲಿಲ್ಲ. "ನೋಡು, ಊರಿಗೆಲ್ಲ ಗೊತ್ತಿರೋ ವಿಷಯ. ದೋಣಿಯಲ್ಲಿದ್ದವರು ಇಬ್ಬರು. ಒಬ್ಬ ಸತ್ತ. ಇನ್ನೊಬ್ಬಳು ಬಾಯಿ ಬಿಡ್ತಿಲ್ಲ. ಇದಕ್ಕೆ ತನಿಖೆ ಏನು ಬಂತು? ಇಲ್ಲಾ, ಸಹಿ ಹಾಕಿದ್ರೆ ಜನ ಏನಂತಾರೋ ಅಂತ ಹೆದರಿಕೆನಾ? 'ಹೊಟ್ಟೆಕಿಚ್ಚಿಗೆ ತಂಗೀನ ಜೈಲಿಗೆ ಹಾಕಿದಳು' ಅಂತಾರೆ. ಅನ್ಲಿ ಬಿಡು. ಸುಳ್ಳೇನಲ್ಲವಲ್ಲ."

ಸುಳ್ಳಾಗಿರಲಿಲ್ಲ.

"ನಿಮಗ್ಯಾಕೆ ಇಷ್ಟು ಅವಸರ?"

"ನನಗೇನು ಅವಸರ. ಇವತ್ತು ನಾನೂ ಅತಿಥಿಗಳ ಜೊತೆ ಒಳಗೆ ಹೋಗ್ತಿದ್ದೀನಿ. ಈ ಸಲ ಸ್ವಲ್ಪ ಆಳಕ್ಕೆ. ತಿರುಗಿ ಬರೋವಾಗ ನಿನ್ನನ್ನ ಮಾತಾಡಿಸೋಕೆ ಆಗುತ್ತೋ ಇಲ್ವೋ. ಹೇಳಿ ಹೋಗೋಣ ಅಂತ ಬಂದೆ."

"ಹೂ ಹಾಕೋಕೆ ಬನ್ನಿ. ಗೋರಿ ಊರಿನ ತೆಂಕಲ ತುದೀಲಿ ಇರತ್ತೆ."

ಅವನು ಏಳುವಾಗ ಸಾಫಿ ಬಾಗಿಲು ಬಿಡುತ್ತ, "ಸೊಂಟ ಬರಿದಾಗಿದೆಯಲ್ಲ ಒಡೆಯಾ, ಚೂರಿ ಇಲ್ಲದೆ ನಿಮ್ಮನ್ನ ನೋಡಿದ್ದೇ ಇಲ್ಲ," ಎಂದ.

"ನಗರದ ಹೆಂಗಸರು ಹೆದರ್ತಾರೆ ಮಾರಾಯ," ಎಂದು ಅವನು ಮೆಟ್ಟಿಲಿಳಿದು ಹೋದ.

ಸರಿಮಾ ಎಲೆಯ ಪೊಟ್ಟಣ ಬಿಚ್ಚಿದಳು. ಗೋಪುರದಂಥ ಕಸುವಾಮಿ, ಮರಗೆಣಸಿನ ಹಿಟ್ಟನ್ನು ಹಬೆಯಲ್ಲಿ ಬೇಯಿಸಿದ್ದು, ಜೊತೆಗೆ ಸುಟ್ಟ ಮೆಣಸಿನಕಾಯಿಯ ಚಟ್ನಿ. ಫಜರ್ ದೋಣಿ ಸಿಕ್ಕಿದ ಮಾರನೆಯ ದಿನದಿಂದ ಠಾಣೆಯ ಗೇಟಿನಲ್ಲಿ ಹೊಸಬಳೊಬ್ಬಳು ಬುಟ್ಟಿ ಇಟ್ಟುಕೊಂಡು ಕೂರುತ್ತಿದ್ದಳು. ಬಿಸಿಲಿಗೆ ಇಳಿಯುವ ಎಲ್ಲ ಹೆಂಗಸರ ಹಾಗೆ ಮುಖಕ್ಕೆ ದಪ್ಪಗೆ ಅಕ್ಕಿಹಿಟ್ಟಿನ ಲೇಪ, ಬಾಯಿ ತುಂಬ ಎಲೆಯಡಿಕೆ. ಲಾಕಪ್ಪಿನ ಊಟಕ್ಕೂ ಅವಳದ್ದೇ ಪೊಟ್ಟಣ. ಆ ಚಟ್ನಿ ನಾಲಿಗೆಗೆ ತಾಕಿದರೆ ಸರಿಮಾಳಿಗೆ ಅಮ್ಮನ ಒಲೆ ನೆನಪಾಗುತ್ತಿತ್ತು. ಮೆಣಸಿನಕಾಯಿಯನ್ನು ಕೆಂಡದಲ್ಲಿ ಕಪ್ಪಾಗಿಸಿ, ಹೊತ್ತುವುದಕ್ಕೆ ಒಂದು ಕ್ಷಣ ಮೊದಲು ಎತ್ತುವ ಆ ಹದವನ್ನು ಅಮ್ಮ ಜಾವಿಯಾಳಿಗೆ ಮಾತ್ರ ಕಲಿಸಿದ್ದಳು. "ನಿನ್ನ ಕೈಗೆ ಬರಲ್ಲ ಬಿಡೇ," ಎಂದಿದ್ದಳು ಇವಳಿಗೆ. ಎಲ್ಲಿಂದಲೋ ಬಂದ ಬುಟ್ಟಿಯವಳಿಗೂ ಅದು ಬರುತ್ತದೆ, ತನಗೆ ಬರುವುದಿಲ್ಲ. ಅದಕ್ಕೂ ಹೊಟ್ಟೆ ಉರಿಯಿತು. ಉರಿಯುತ್ತಲೇ ತಿಂದಳು.

ಕೈ ಒರೆಸಿಕೊಂಡು ಗಂಟಿಗೆ ಕೈ ಹಾಕಿದಳು. ಆಗಲಿ, ಬಿಚ್ಚಿ ಮುಗಿಸಿ ಸಹಿ ಹಾಕಿಬಿಡುವುದು.

ಬಟ್ಟೆ ಅಮ್ಮನದೇ. ಅಂಚಿನಲ್ಲಿ ಅವಳು ಹಾಕಿದ ಅಡ್ಡಹೊಲಿಗೆ ಹಾಗೇ ಇತ್ತು. ಗಂಟು ಸಡಿಲವಾದಾಗ ಕಾಯಿ ಮೇಜಿನ ಮೇಲೆ ಉರುಳಿತು. ಗೇಣುದ್ದದ ಮೊಳಕೆ. ಎಳೆಯ ದಂಟು, ಮುದುರಿದ ಎಲೆ.

ದಂಟು ಹಸಿರು.

ಸರಿಮಾ ಅದನ್ನೆತ್ತಿ ಕಿಟಕಿಯ ಬೆಳಕಿಗೆ ಹಿಡಿದಳು. ಉಗುರಿನಿಂದ ಕೆರೆದು ನೋಡಿದಳು. ಹಸಿರೇ. ಪಕ್ಕದಲ್ಲಿ ಸಾಫಿ ತಂದಿಟ್ಟ ಅವಳ ಮನೆಯ ಕಾಯಿ ಕೆಂಡದ ಬಣ್ಣಕ್ಕೆ ಹೊಳೆಯುತ್ತಿತ್ತು. ಅಮ್ಮನ ಹಿತ್ತಿಲಲ್ಲಿದ್ದದ್ದು ಕೆಂದೆಂಗು. ಅದರ ಮೊಳಕೆ ಹುಟ್ಟುವಾಗಲೇ ಕೇಸರಿ.

"ಏನಾಯ್ತು ಇಬು?"

"ಬಟ್ಟೆ ನಮ್ಮದು ಸಾಫಿ. ಕಾಯಿ ನಮ್ಮದಲ್ಲ."

ಸಾಫಿಯ ಮುಖ ಬಿಳಿಚಿತು. "ದೋಣಿಯೊಳಗೆ ಗಂಟು ಬಿಚ್ಚಿದ್ರಾ? ಹಾಗೆ ಮಾಡೋದು..."

"ತಿರುಗಿ ಬರೋದಿಲ್ಲ ಅಂತ ತೀರ್ಮಾನ ಮಾಡಿದವರು," ಎಂದು ಸರಿಮಾ ಮಾತು ಮುಗಿಸಿದಳು. "ಬೇರೆ ದಡದಲ್ಲಿ ನೆಟ್ಟು ಅಲ್ಲೇ ಬೇರು ಬಿಡೋರು."

ಯಾರೋ ಫಜರ್ ದೋಣಿಯಿಂದ ಇಳಿದು ಹೋಗಿದ್ದಾರೆ. ಉಳಿದವರು ತೇಲಿಬಂದ ಯಾವುದೋ ಕಾಯನ್ನು ಬಟ್ಟೆಯಲ್ಲಿ ಸುತ್ತಿಟ್ಟು ಮಾನ ಮುಚ್ಚಿಕೊಂಡಿದ್ದಾರೆ. ಒಂದು ವಾರದ ಹಿಂದೆಯೇ ಇದನ್ನು ಬಿಚ್ಚಿದ್ದರೆ ಆವತ್ತೇ ಗೊತ್ತಾಗುತ್ತಿತ್ತು. ಬಿಚ್ಚದಂತೆ ಕೈ ಹಿಡಿದದ್ದು ತನ್ನದೇ ಹೊಟ್ಟೆಕಿಚ್ಚು.

ಎರಡೂ ಕಾಯಿಗಳನ್ನು ಕಂಕುಳಲ್ಲಿಟ್ಟುಕೊಂಡು ಲಾಕಪ್ಪಿನ ಬೀಗ ತೆಗೆದಳು. ಕೆಂಪು ಕಾಯನ್ನು ಬಾಗಿಲ ಹಿಂದೆ ಮರೆಯಾಗಿಟ್ಟಳು.

ಹುಡುಗಿ ಗೋಡೆಗೊರಗಿ ಕೂತಿದ್ದಳು. ಕೂದಲನ್ನು ಕೆನ್ನೆಯ ಮೇಲೆ ಇಳಿಬಿಟ್ಟುಕೊಂಡು, ಖಾಲಿಯಾದ ಕಸುವಾಮಿ ಎಲೆಯನ್ನು ನೀಟಾಗಿ ಮಡಿಸುತ್ತಿದ್ದಳು. ಆ ಕೊರಳು, ಆ ನುಣುಪು. ನೋಡಿದಾಗಲೆಲ್ಲ ಸರಿಮಾಳಿಗೆ ಮೈ ಪರಚಿಕೊಳ್ಳುವ ಹಾಗಾಗುತ್ತಿತ್ತು.

"ಇವತ್ತು ಕಳಿಸ್ತೀರಂತೆ," ಎಂದಳು ಹುಡುಗಿ.

"ಹೌದು. ಅದಕ್ಕೆ ಮುಂಚೆ ಗಂಟು ಬಿಚ್ಚಿದೆ." ಹಸಿರು ಮೊಳಕೆಯ ಕಾಯನ್ನು ಅವಳ ಮಡಿಲಿಗಿಟ್ಟಳು. "ಇದನ್ನ ನಿನ್ನ ಕೈಗೆ ಕೊಟ್ಟವರು ಯಾರು, ನೆನಪಿದೆಯಾ?"

"ಅಮ್ಮ."

"ಯಾವ ಮರದ್ದು?"

"ಹಿತ್ತಿಲ ಮರದ್ದು."

"ಇದೇನಾ?"

ಹುಡುಗಿ ಕಾಯನ್ನು ನೋಡಿದಳು. ಒಂದು ಕ್ಷಣ ಬೆರಳು ದಂಟಿನ ಮೇಲೆ ನಿಂತಿತು. "ಇದೇ."

"ಸರಿಯಾಗಿ ನೋಡು."

"ನೋಡಿದೆ. ಇದೇ."

ಸರಿಮಾ ಬಾಗಿಲ ಹಿಂದಿನಿಂದ ಕೆಂಪು ಕಾಯಿ ತಂದು ಅದರ ಪಕ್ಕದಲ್ಲಿಟ್ಟಳು. ಹುಡುಗಿಯ ಕೈ ಅವಳನ್ನು ಕೇಳದೆಯೇ ಅದರ ಮೇಲೆ ಹೋಯಿತು. ಮನೆಯ ಬೆಕ್ಕನ್ನು ಸವರಿದ ಹಾಗೆ ಸವರಿತು.

"ಅಮ್ಮನ ಹಿತ್ತಿಲಲ್ಲಿದ್ದದ್ದು ಇದೊಂದೇ ಜಾತಿ," ಎಂದಳು ಸರಿಮಾ. "ಆ ಗೊನೆ ಇಳಿಸೋಕೆ ಮರ ಹತ್ತಿದ್ದು ಜಾವಿಯಾ. ಕೆಳಗೆ ನಿಂತು ಹಿಡಿದದ್ದು ನಾನು. ಅವಳು ಸತ್ತು ಸುಣ್ಣವಾದ್ರೂ ಆ ಬಣ್ಣ ಮರೆಯಲ್ಲ. ಯಾರು ನೀನು?"

ಹುಡುಗಿ ಕೆಂಪು ಕಾಯನ್ನು ಮಡಿಲಿಗೆ ಎಳೆದುಕೊಂಡಳು.

"ಊರಿಗೆಲ್ಲ ನಾನು ಜಾವಿಯಾ ಅಂತ ಸುಳ್ಳು ಹೇಳ್ಕೊಂಡು ಕೂತಿದ್ದೀಯಲ್ಲ, ಯಾರು ನೀನು ಅಂತ ಕೇಳಿದೆ."

"ನಾನು ಯಾವಾಗ ಹೇಳಿದೆ?" ಹುಡುಗಿ ತಲೆಯೆತ್ತಿದಳು. ದನಿಯಲ್ಲಿ ಮೊದಲ ಸಲ ಕಾವು ಬಂದಿತ್ತು. "ದೋಣಿ ಎಳ್ಕೊಂಡು ಬಂದವರು ನನ್ನ ಮುಖ ನೋಡಿ 'ಜಾವಿಯಾ, ಜಾವಿಯಾ' ಅಂತ ಕೂಗಿದ್ರು. ದಕ್ಕೆ ಮೇಲಿದ್ದ ಮುದುಕೀರು ನನ್ನ ಮುಟ್ಟಿ ಮುಟ್ಟಿ ಅತ್ರು. ಆಮೇಲೆ ನೀವು ಬಂದ್ರಿ. ನೀವೂ ಹಾಗೇ ಕರೆದ್ರಿ. ಅದೆಂಥಾ ಕಣ್ಣಲ್ಲಿ ನೋಡಿದ್ರಿ ಅಂದ್ರೆ, ಅಲ್ಲ ಅಂತ ಹೇಳೋಕೆ ಬಾಯೇ ಬರಲಿಲ್ಲ. ನಿಮ್ಮೂರಲ್ಲಿ ಹಳೇ ಮುಖ ಹೊಸದಾಗಿ ಬಂದ್ರೆ ಯಾರೂ ಆಶ್ಚರ್ಯಾನೇ ಪಡಲ್ಲ. ನನ್ನ ತಪ್ಪಾ ಅದು?"

ಅವಳು ಕೂದಲನ್ನು ಕಿವಿಯ ಹಿಂದೆ ಸರಿಸಿದಳು.

ಹೂಜಿಯ ಹಿಡಿಯ ಹಾಗೆ ಹೊರಕ್ಕೆ ಚಾಚಿದ ಕಿವಿ. ದಿಹುವಿನ ಕಿವಿ. ಆ ಕಿವಿ ಹಿಡಿದೆಳೆದು ಸರಿಮಾ ಒಂದು ಕಾಲದಲ್ಲಿ ಎಷ್ಟು ನಕ್ಕಿದ್ದಳು.

"ನನ್ನ ಹೆಸರು ತೆನಿ," ಎಂದಳು ಹುಡುಗಿ. "ನಮ್ಮನೆ ಮುಂದೆಯೂ ಇಂಥದ್ದೇ ಕೆಂಪು ಮರ ಇದೆ, ದೊಡ್ಡಮ್ಮ."

ಸರಿಮಾ ನೆಲದ ಮೇಲೆ ಕೂತಳು. ಮಂಡಿ ಕಿರುಗುಟ್ಟಿದ್ದು ಅವಳಿಗೆ ಕೇಳಲಿಲ್ಲ.

ಮೊದಲು ಬಂದದ್ದು ಸಂತೋಷ. ನಾಚಿಕೆಗೆಟ್ಟ ಸಂತೋಷ. ಹಾಗಾದರೆ ಜಾವಿಯಾಳಿಗೂ ವಯಸ್ಸಾಗಿದೆ. ಅವಳ ತಲೆಯೂ ನರೆತಿದೆ, ಅವಳ ಮಂಡಿಯೂ ನೋಯುತ್ತದೆ. ಆಮೇಲೆ, ಪೆನ್ನು ಹಿಡಿದು ತಾನು ಕೂತಿದ್ದ ಮೇಜು ಕಣ್ಣಿಗೆ ಕಟ್ಟಿತು. ತಂಗಿಯ ಮಗಳನ್ನು ಜೀವ ಇರುವ ತನಕ ಕತ್ತಲಿಗೆ ಕಳಿಸಲು ಒಂದು ಗೀಟು ಎಳೆಯುವುದಷ್ಟೇ ಬಾಕಿ ಇತ್ತು.

"ಎಲ್ಲಾನೂ ಹೇಳು," ಎಂದಳು. "ಬೇಗ ಹೇಳು."

"ಅಮ್ಮ ಕಡಲೊಳಗೆ ಅಪ್ಪನ ಜೊತೆ ಇದ್ದದ್ದು ಸ್ವಲ್ಪವೇ ಸಮಯ. ಅಪ್ಪ ನಿದ್ದೇಲಿ ನಿಮ್ಮ ಹೆಸರು ಕರೆದನಂತೆ. ಒಂದು ಸಲ ಅಲ್ಲ, ಮಲಗಿದಾಗಲೆಲ್ಲ. ಅಮ್ಮ ಕಾಯಿ ಎತ್ಕೊಂಡು, ದಾರೀಲಿ ಸಿಕ್ಕ ದೋಣಿ ಹತ್ತಿ ಸಂಪೆಲೋ ದ್ವೀಪದಲ್ಲಿ ಇಳಿದುಬಿಟ್ಟಳು. ಹೊಟ್ಟೇಲಿ ನಾನಿದ್ದೆ. ಒಣಮೀನಿನ ಚಪ್ಪರದಲ್ಲಿ ಕೂಲಿ ಮಾಡಿ ಸಾಕಿದಳು." ತೆನಿ ಕಾಯಿಯ ಮೇಲಿಂದ ಕೈ ತೆಗೆಯಲಿಲ್ಲ. "ಬೈಯೋವಾಗೆಲ್ಲ ನಿಮ್ಮನ್ನೇ ಬೈತಾಳೆ. ಮನೆ ಅವಳಿಗೆ, ಅಮ್ಮನ ಮಡಿಲು ಅವಳಿಗೆ, ಗಂಡನ ನಿದ್ದೇನೂ ಅವಳಿಗೇ ಅಂತ."

ಸರಿಮಾ ಇಷ್ಟು ವರ್ಷ ತನ್ನೊಬ್ಬಳ ಹೊಟ್ಟೆ ಮಾತ್ರ ಉರಿಯುತ್ತಿದೆ ಎಂದುಕೊಂಡಿದ್ದಳು.

"ಹತ್ತು ದಿನದ ಹಿಂದೆ ಮೀನಿನವರು ಬಂದು, ಕಡಲ ಬಾಯಲ್ಲಿ ಫಜರ್ ಕಾಣ್ತಿದೆ ಅಂದ್ರು. ಅಮ್ಮ ಒಂದು ಮಾತೂ ಆಡದೆ ಕಿರುದೋಣಿ ಇಳಿಸಿದಳು. ನಾವು ಹತ್ತಿದಾಗ ಅಪ್ಪ ಬಲೆ ಬಿಡಿಸ್ತಿದ್ದ. ನನಗಿಂತ ಏನು, ಮೂರು ನಾಲ್ಕು ವರ್ಷ ದೊಡ್ಡವನಿರಬೇಕು. ನನ್ನ ನೋಡಿ ಓಡಿ ಬಂದ. 'ಜಾವಿಯಾ, ಬಂದ್ಯಾ' ಅಂದ. ಆಮೇಲೆ ಅಮ್ಮನ ಕಡೆ ತಿರುಗಿ..." ಅವಳು ನಿಲ್ಲಿಸಿದಳು.

"ತಿರುಗಿ?"

"'ಈ ಮುದುಕಿ ಯಾರು' ಅಂದ."

ಹೊರಗೆ ದಕ್ಕೆಯಲ್ಲಿ ಹಡಗಿನ ಕೂಗು ಒಮ್ಮೆ ಮೊಳಗಿತು.

"ಅಮ್ಮನ ಮುಖ ನಾನು ನೋಡಲಿಲ್ಲ. ನೋಡೋಕೆ ಧೈರ್ಯ ಬರಲಿಲ್ಲ. ನೀರು ತರ್ತೀನಿ ಅಂತ ಕೆಳಗಿಳಿದೆ. ಪೀಪಾಯಿ ಮುಚ್ಚಳ ಗಟ್ಟಿಯಾಗಿತ್ತು, ಹೊತ್ತಾಯ್ತು. ಮೇಲೆ ಮಾತು ಕೇಳಿಸ್ತು, ಕಾಲಿನ ಸಪ್ಪಳ ಕೇಳಿಸ್ತು. ಬಂದು ನೋಡಿದ್ರೆ ಅಪ್ಪ ಬಿದ್ದಿದ್ದ. ಅಮ್ಮ ಇರಲಿಲ್ಲ. ಕಿರುದೋಣಿಯೂ ಇರಲಿಲ್ಲ."

"ಅವಳೇ ಕೊಂದಳು ಅಂತೀಯಾ?"

"ನಾನು ಅನ್ನಲ್ಲ. ಅನ್ನಬಾರದು ಅಂತಲೇ ಬಾಯಿ ಮುಚ್ಕೊಂಡು ಕೂತಿದ್ದು."

"ನಿನ್ನನ್ನ ಬಿಟ್ಟು ಓಡಿಹೋದವಳಿಗೋಸ್ಕರ ನೀನು ಜೈಲಿಗೆ ಹೋಗ್ತೀಯಾ? ಎಲ್ಲಿದ್ದಾಳೆ ಈಗ?"

ತೆನಿ ಮಡಿಸಿದ ಎಲೆಯನ್ನು ನೆಲದ ಮೇಲಿಟ್ಟು ಮುಂದಕ್ಕೆ ತಳ್ಳಿದಳು. "ಓಡಿಹೋಗಿಲ್ಲ ಅವಳು. ಮೊದಲನೇ ದಿನ ಈ ಚಟ್ನಿ ಬಾಯಿಗಿಟ್ಟಾಗಲೇ ನನಗೆ ಗೊತ್ತಾಯ್ತು. ನೀವೂ ದಿನಾ ಅವಳ ಕೈಯ ಊಟಾನೇ ಉಣ್ತಿದ್ದೀರಲ್ಲ, ದೊಡ್ಡಮ್ಮ. ನಿಮಗೆ ಗೊತ್ತಾಗಲಿಲ್ವಾ?"

ಸರಿಮಾ ಎದ್ದದ್ದು ಹೇಗೆಂದು ಅವಳಿಗೇ ತಿಳಿಯಲಿಲ್ಲ. ಲಾಕಪ್ಪಿನ ಕೀಲಿ ಕೈಯಲ್ಲೇ ಇತ್ತು. ಅಭ್ಯಾಸಬಲದಿಂದ ಬಾಗಿಲು ಎಳೆದು ಬೀಗ ಹಾಕಿದಳು, ಗೇಟಿಗೆ ಓಡಿದಳು. ಬುಟ್ಟಿ ಇರಲಿಲ್ಲ. ಬಾಳೆಲೆ ಇತ್ತು. ಮಣೆ ಖಾಲಿ.

"ಬುಟ್ಟಿಯವಳೆಲ್ಲಿ?"

"ಹಡಗಿನ ಅಡುಗೆಮನೆಗೆ ಕಸುವಾಮಿ ಬೇಕಂತೆ," ಎಂದು ಸಾಫಿ ಬೀಡಿ ಬಿಸಾಡಿ ಅವಳ ಹಿಂದೆಯೇ ಓಡುತ್ತ ಹೇಳಿದ. "ಈಗಷ್ಟೇ ತಗೊಂಡು ಹೋದಳು. ಏನಾಯ್ತು ಇಬು, ಊಟದಲ್ಲಿ ಏನಾದ್ರೂ ಬೆರೆಸಿದ್ಲಾ?"

ದಕ್ಕೆಯ ಹಲಗೆಗಳು ಕಾಲಡಿ ಕುಣಿದವು. 'ಅವೆತ್ ಮೂದಾ' ಆಗಲೇ ಹಗ್ಗ ಬಿಚ್ಚಿ ಎರಡು ಮಾರು ದೂರ ಸರಿದಿತ್ತು. ಮೇಲಂತಸ್ತಿನಲ್ಲಿ ನಗರದ ಅತಿಥಿಗಳು ಟೋಪಿ ಬೀಸುತ್ತಿದ್ದರು. ಕೆಳಗೆ, ನೀರಿನ ಮಟ್ಟಕ್ಕಿದ್ದ ಹಿಂಭಾಗದ ಅಡುಗೆಮನೆಯ ಬಾಗಿಲಲ್ಲಿ, ಲೇಪ ಬಳಿದ ಮುಖದ ಹೆಂಗಸು ನಿಂತಿದ್ದಳು.

ಈ ದ್ವೀಪದಲ್ಲಿ ಹಗಲು ಹೊತ್ತು ಹೆಂಗಸರ ಮುಖವನ್ನು ಯಾರೂ ನೋಡುವುದಿಲ್ಲ. ಎಲ್ಲರದೂ ಒಂದೇ ಬಿಳಿ. ಯಾರು ಎತ್ತ ಎಂದು ದನಿಯಿಂದಲೇ ಹಿಡಿಯುತ್ತಾರೆ. ಈಕೆ ಬಾಯಲ್ಲಿ ಎಲೆಯಡಿಕೆ ತುಂಬಿಕೊಂಡು ಒಂದು ವಾರ ಪೊಲೀಸ್ ಠಾಣೆಯ ಮೂಗಿನಡಿ ಕೂತಿದ್ದಳು. ಇಡೀ ಊರು ಎಳೆಯ ಮುಖದಲ್ಲಿ ಜಾವಿಯಾಳನ್ನು ಹುಡುಕುತ್ತಿದ್ದಾಗ.

"ಜಾವಿಯಾ," ಎಂದು ಸರಿಮಾ ಕೂಗಿದಳು.

ಹೆಂಗಸು ಅವಳತ್ತ ನೋಡಿದಳು. ಎಲೆಯಡಿಕೆಯನ್ನು ನೀರಿಗೆ ಉಗಿದಳು. ಬುಟ್ಟಿಯಿಂದ ಒಂದು ಪೊಟ್ಟಣ ಎತ್ತಿ ದಕ್ಕೆಯ ಕಡೆ ಬೀಸಿ ಎಸೆದಳು. ಸಾಫಿ ಎರಡೂ ಕೈಯಲ್ಲಿ ಹಿಡಿದ.

"ನಾನು ಕೇಳಿರಲಿಲ್ಲ," ಎಂದ ಪೆಚ್ಚಾಗಿ.

ಸರಿಮಾ ಪೊಟ್ಟಣ ಕಿತ್ತುಕೊಂಡು ಕಸುವಾಮಿಯನ್ನು ಮುರಿದಳು. ಒಳಗಿದ್ದದ್ದು ಅಂಗೈಗೆ ಬಿತ್ತು. ಚೂರಿಯ ಹಿಡಿ. ಬುಡ ಮುರಿದಿದೆ. ಹುಣಸೆಮರದ್ದಲ್ಲ, ಕರಿ ಹವಳದ್ದು; ತುದಿಯಲ್ಲಿ ಕೊಕ್ಕು ಬಾಗಿದ ಹಕ್ಕಿ. ಲಂಗೇರೆಯ ಮೀನುಗಾರರ ಚೂರಿಗೆಲ್ಲ ಮರದ ಹಿಡಿ. ಹವಳದ ಹಕ್ಕಿ ಕೂರಿಸುವ ಹಕ್ಕು ಅರಮನೆಯ ಮನೆತನಕ್ಕೆ ಮಾತ್ರ.

ಸಾಫಿ ನೋಡಿದ. ಅವನ ಬಾಯಲ್ಲಿದ್ದ ತಮಾಷೆ ಆರಿಹೋಯಿತು. "ಅವರ ಸೊಂಟ..."

"ಬರಿದಾಗಿತ್ತು," ಎಂದಳು ಸರಿಮಾ.

ಅವತ್ತು ಆ ದೋಣಿಗೆ ಇನ್ನೊಬ್ಬನೂ ಬಂದಿದ್ದ. ಜಾವಿಯಾ ಕಿರುದೋಣಿ ಹತ್ತಿದ್ದು ಓಡಿಹೋಗಲಿಕ್ಕಲ್ಲ, ಅವನನ್ನು ಅಟ್ಟಿಸಿಕೊಂಡು. ಹತ್ತೊಂಬತ್ತು ವರ್ಷದ ಹಿಂದಿನ, ಊರು ಮರೆತ ಮಹರುದ್ದಿನನ ಯಾವುದೋ ಸಂಗತಿ ದಿಹುವಿನ ಪಾಲಿಗೆ ಮೊನ್ನೆ ಮೊನ್ನೆಯದು. ಸಿರಿವಂತರ ವಯಸ್ಸನ್ನಷ್ಟೇ ಅಲ್ಲ, ಒಬ್ಬ ಸಾಕ್ಷಿಯನ್ನೂ ಆ ಕಡಲು ಕೆಡದಂತೆ ಇಟ್ಟಿತ್ತು. ಏನು ಕಂಡಿದ್ದ ದಿಹು?

ಕೇಳಲು ಉಳಿದವಳು ಒಬ್ಬಳೇ. ಅವಳು ಹಡಗಿನಲ್ಲಿದ್ದಾಳೆ.

ಜಾವಿಯಾ ಬಾಗಿ ಕಡಲ ನೀರನ್ನು ಬೊಗಸೆಯಲ್ಲೆತ್ತಿ ಮುಖಕ್ಕೆ ಎರಚಿಕೊಂಡಳು. ಬಿಳಿ ಲೇಪ ಹಾಲಿನ ಹಾಗೆ ಇಳಿದುಹೋಯಿತು. ಅದರ ಹಿಂದಿನಿಂದ ಕಾಣಿಸಿಕೊಂಡದ್ದು ಸರಿಮಾ ಬೆಳಗ್ಗೆ ಗಾಜಿನಲ್ಲಿ ಕಂಡ ಮುಖ. ಅದೇ ಬತ್ತಿದ ಕೆನ್ನೆ, ಅದೇ ಹಣೆಯ ಗೆರೆ, ಒಂದೂ ಹೆಚ್ಚಿಲ್ಲ, ಒಂದೂ ಕಡಿಮೆಯಿಲ್ಲ. ಅಸೂಯೆ ಪಡಲು ಅದರಲ್ಲಿ ಏನೂ ಇರಲಿಲ್ಲ. ಆದರೂ ಸರಿಮಾಳ ಎದೆಯಲ್ಲಿ ಕಿಚ್ಚೆದ್ದಿತು. ಮತ್ತೆ ಅವಳೇ ಹೊರಟಳು. ಮತ್ತೆ ತಾನು ದಡದಲ್ಲಿ.

ಹಡಗು ಸಂಜೆಗೆ ಕಡಲಿನ ಬಾಯಿ ದಾಟುತ್ತದೆ. ಆಳಕ್ಕೆ ಹೋಗುತ್ತೇನೆ ಎಂದು ಮಹರುದ್ದಿನನೇ ಹೇಳಿದ್ದ. ಅದು ತಿರುಗಿ ಬರುವಾಗ ಸರಿಮಾ ಇರುವುದಿಲ್ಲ, ಬಹುಶಃ ತೆನಿಯೂ ಇರುವುದಿಲ್ಲ.

ಜಾವಿಯಾ ಸೆರಗಿನಿಂದ ಮುಖ ಒರೆಸಿಕೊಂಡಳು. ಬುಟ್ಟಿಯೊಳಗೆ ಕೈ ಹಾಕಿ ಮರಗೆಣಸು ಸಿಪ್ಪೆ ತೆಗೆಯುವ ಉದ್ದನೆಯ ಚೂರಿ ಹೊರತೆಗೆದಳು. ಮೇಲಂತಸ್ತಿನಲ್ಲಿ ಬಿಳಿ ಅಂಗಿಯ ಮಹರುದ್ದಿನ್ ದಡಕ್ಕೆ ಬೆನ್ನು ಹಾಕಿ ಅತಿಥಿಗಳಿಗೆ ಏನೋ ತೋರಿಸುತ್ತ ನಗುತ್ತಿದ್ದ. ಅವಳು ಅವಸರವಿಲ್ಲದೆ ಮೆಟ್ಟಿಲು ಹತ್ತತೊಡಗಿದಳು.

"ಸಾಫಿ, ಫಜರ್ ದೋಣಿಯ ಹಗ್ಗ ಬಿಚ್ಚು."

"ಇಬು, ಸತ್ತವನ ದೋಣಿ ಅದು. ಅಲ್ಲಿಗೆ ಹೋಗೋರು ಕಾಯಿ ತಗೊಂಡು ಹೋಗ್ತಾರೆ. ನೀವು ಹೋದ್ರೆ ಈ ಕಡೆ ಯಾರಿದ್ದಾರೆ, ನಿಮ್ಮ ಕಾಯಿಗೆ ನೀರು ಹಾಕೋಕೆ?"

ಸರಿಮಾ ತನ್ನ ಕೈ ನೋಡಿಕೊಂಡಳು. ಒಂದರಲ್ಲಿ ಹವಳದ ಹಿಡಿ, ಇನ್ನೊಂದರಲ್ಲಿ ಲಾಕಪ್ಪಿನ ಕೀಲಿ.

ಕೀಲಿಯನ್ನು ಅವನ ಅಂಗೈಗೆ ಹಾಕಿ, "ಒಳಗಿರೋಳನ್ನ ಬಿಡು, ನೀರು ಅವಳೇ ಹಾಕ್ತಾಳೆ," ಎಂದು ಅವಳು ದೋಣಿಗೆ ಇಳಿದಳು.